ಎಡಗಡೆ ಎಲ್ಲಾ ಒಂದೇ

"ನಿಮ್ಮ ಮಗನಿಗೆ ಲೆಕ್ಕ ಬರ್ತಿಲ್ಲ ಅಂದ್ರೆ ಅದಕ್ಕೆ ನಾವು ಹೊಣೆ ಅಲ್ಲ," ಎಂದಳು ಡಸ್ಟರ್ ಮೇಡಂ, ತಿದ್ದುತ್ತಿದ್ದ ಉತ್ತರಪತ್ರಿಕೆಯಿಂದ ತಲೆಯನ್ನೂ ಎತ್ತದೆ. "ಮೊದಲು ಮನೇಲಿ ಟೀವಿ ಆರಿಸಿ. ಆಮೇಲೆ ಅವನ ಕೈಯಿಂದ ಫೋನ್ ಕಿತ್ಕೊಳ್ಳಿ. ಅದೆಲ್ಲ ಆದ್ಮೇಲೆ ಬನ್ನಿ ನನ್ನ ಹತ್ರ ಜಗಳಕ್ಕೆ."

ಬಾಗಿಲಲ್ಲಿ ನಿಂತಿದ್ದವನು ಕೈಕಟ್ಟಿಕೊಂಡು ಪೂರ್ತಿ ಕೇಳಿಸಿಕೊಂಡ. ನಡುವೆ ಹೌದು ಹೌದೆಂದು ತಲೆ ಕೂಡ ಆಡಿಸಿದ.

"ಆಗ್ಲಿ ಮೇಡಂ. ಮಗ ಹುಟ್ಟಿದ ದಿನಾನೇ ಟೀವಿ ಆರಿಸ್ತೀನಿ. ಸದ್ಯಕ್ಕೆ ಮದುವೇನೇ ಆಗಿಲ್ಲ. ನಾನು ಹೊಸ ಗಣಿತ ಮೇಷ್ಟ್ರು."

ಆಗ ಅವಳು ತಲೆ ಎತ್ತಿದಳು. ಎತ್ತದೇ ಇದ್ದಿದ್ದರೆ ಚೆನ್ನಾಗಿತ್ತು. ಎತ್ತಿದ್ದರಿಂದ ಅವನ ನಗು ಕಂಡಿತು. ತುಟಿಯಲ್ಲಿ ಶುರುವಾಗುವ ನಗುವಲ್ಲ ಅದು, ಕಣ್ಣಿನ ಮೂಲೆಯಲ್ಲಿ ಶುರುವಾಗಿ ತುಟಿಗೆ ತಡವಾಗಿ ಇಳಿಯುವಂಥದ್ದು. ಕೆಂಪು ಪೆನ್ನು ಅವಳ ಕೈಯಲ್ಲೇ ನಿಂತಿತು. ಯಾರದೋ ಉತ್ತರಪತ್ರಿಕೆಯ ಮೇಲೆ ಒಂದು ಕೆಂಪು ಚುಕ್ಕೆ ದೊಡ್ಡದಾಗುತ್ತಾ ಹೋಯಿತು.

ಅದು ಸೈಕಲ್ ಅಂಗಡಿಯ ಮೇಲಿನ ಮಹಡಿಯಲ್ಲಿದ್ದ ಟ್ಯುಟೋರಿಯಲ್. ಕೆಳಗಿಂದ ಪಂಕ್ಚರ್ ಹಾಕುವ ವಾಸನೆ, ಮೇಲೆ ಸೀಮೆಸುಣ್ಣದ ಧೂಳು. ಮಕ್ಕಳು ಬರುವುದು ಸಂಜೆಗೆ. ಮಧ್ಯಾಹ್ನವೆಲ್ಲ ಬೆಂಚುಗಳು ಖಾಲಿ. ಆ ಖಾಲಿ ಹೊತ್ತಿಗೆ ಅಲ್ಲೊಂದು ಪದ್ಧತಿ ಇತ್ತು. ಒಬ್ಬರು ತಯಾರಿಸಿದ ಪ್ರಶ್ನೆಪತ್ರಿಕೆಯನ್ನು ಇನ್ನೊಬ್ಬರು ಬೋರ್ಡಿನ ಮೇಲೆ, ಜೋರಾಗಿ ಹೇಳುತ್ತಾ, ಮಕ್ಕಳು ಮಾಡುವ ಹಾಗೇ ಬಿಡಿಸಿ ನೋಡಬೇಕು. ತಪ್ಪಿಲ್ಲ ಅಂದರೆ ಮಾತ್ರ ಅಚ್ಚಿಗೆ. ಹೀಗೆ ಬಿಡಿಸಿ ನೋಡುವ ಕೆಲಸ ಎಷ್ಟೋ ಕಾಲದಿಂದ ಅವಳದೇ. ತಪ್ಪು ಕಂಡರೆ ಮಾತಾಡುತ್ತಿರಲಿಲ್ಲ, ಡಸ್ಟರ್ ತೆಗೆದುಕೊಂಡು ಒರೆಸುತ್ತಿದ್ದಳು. ಹಾಗಾಗಿ ಆ ಹೆಸರು. ಅವಳ ಲೆಕ್ಕ ತಪ್ಪಿದ್ದನ್ನು ಕಂಡವರು ಆ ಕಟ್ಟಡದಲ್ಲೇ ಇರಲಿಲ್ಲ.

ಹೊಸಬ ಬಂದ ಮೇಲೆ ಆ ಮಧ್ಯಾಹ್ನಗಳ ಬಣ್ಣವೇ ಬೇರೆಯಾಯಿತು.

ಪ್ರಶ್ನೆ ತೆಗೆಯುವವರಿಗೆ ಒಂದು ಗುಟ್ಟು ಗೊತ್ತು. ಮೊದಲು ಉತ್ತರವನ್ನು ಆರಿಸಿಕೊಳ್ಳಬೇಕು, ಆಮೇಲೆ ಅದರ ಸುತ್ತ ಸಮೀಕರಣ ಕಟ್ಟಬೇಕು. ಅವನು ಒಂದು ದಿನ ಬೋರ್ಡಿನ ಮೇಲೆ x ಕೂಡಿಸು y ಎಂಟು, 2x ಕಳೆ y ಒಂದು ಎಂದು ಬರೆದ. ಅವಳು ಎರಡನ್ನೂ ಕೂಡಿಸಿದಳು. y ಹೋಯಿತು. x ಮೂರು, y ಐದು.

"ಇಷ್ಟು ಸುಲಭದ್ದು ಯಾಕೆ? ಮಕ್ಕಳು ನಗ್ತಾರೆ."

"ಉತ್ತರ ಏನು ಅಂತ ಗೊತ್ತಾಯ್ತಾ ಮೇಡಂ?"

"ಮೂರು, ಐದು. ಬರೆದಿದೀನಲ್ಲ."

"ನಿಮ್ಮ ತುರುಬಿನಲ್ಲಿ ಎಡಗಡೆ ಮೂರು ಪಿನ್ನು, ಬಲಗಡೆ ಐದು. ನೀವು ಬೋರ್ಡ್ ಕಡೆ ತಿರುಗಿದ್ರೆ ನನಗೆ ಕಾಣೋದು ಅದೇ ತಾನೇ."

ಅವಳು ತಿರುಗಲಿಲ್ಲ. ತಿರುಗಿದರೆ ಮುಖ ಕಾಣುತ್ತದೆ. ಬೋರ್ಡಿನಲ್ಲಿ ಒರೆಸುವಂಥದ್ದು ಏನೂ ಇಲ್ಲದ ಜಾಗವನ್ನು ಡಸ್ಟರಿನಿಂದ ಉಜ್ಜುತ್ತಾ ನಿಂತಳು. ಮರುದಿನ ಎರಡೂ ಕಡೆ ನಾಲ್ಕು ನಾಲ್ಕು ಪಿನ್ನು ಸಿಕ್ಕಿಸಿಕೊಂಡು ಬಂದಳು. ಅವನು ಒಳಗೆ ಬಂದವನೇ ಕೊಡೆ ಇಡುವ ಮೊದಲೇ, "ಪ್ರಶ್ನೆ ಬದಲಾಯಿಸಬೇಕಲ್ಲ ಮೇಡಂ," ಎಂದ. ಆ ದಿನ ಪಾಠ ಮುಗಿಸಿ ಮನೆಗೆ ಹೋಗುವಾಗ ಅವಳ ಕಾಲು ನೆಲದ ಮೇಲಿರಲಿಲ್ಲ. ಬಸ್ಸಿನಲ್ಲಿ ತನ್ನ ಸ್ಟಾಪನ್ನೂ ದಾಟಿ ಹೋದಳು.

ಏನು ಹೊಂದಿಕೆ ಅಂತೀರಿ! ಇಬ್ಬರಿಗೂ ಚಹಾಕ್ಕೆ ಸಕ್ಕರೆ ಬೇಡ. ಇಬ್ಬರಿಗೂ ಫ್ಯಾನ್ ಜೋರಾದರೆ ತಲೆನೋವು. ಇಬ್ಬರೂ ಮನೆಗೆ ಹಿರಿಮಕ್ಕಳು, ಇಬ್ಬರ ಅಮ್ಮಂದಿರೂ ಕಾಲುನೋವಿನವರು. ಅವಳು ಅರ್ಧ ಹೇಳಿದ್ದನ್ನು ಅವನು ಪೂರ್ತಿ ಮಾಡುತ್ತಿದ್ದ, ಅವನು ನಗುವ ಮೊದಲೇ ಅವಳಿಗೆ ನಗು ಬರುತ್ತಿತ್ತು. ಟ್ಯುಟೋರಿಯಲ್ ಯಜಮಾನರೂ ಅವರ ಹೆಂಡತಿಯೂ ಎಣ್ಣೆ ಸೀಗೆಕಾಯಿ. ಪಕ್ಕದ ಕೋಣೆಯಲ್ಲಿ ಕಿಟಕಿ ತೆಗೆಯಬೇಕೋ ಮುಚ್ಚಬೇಕೋ ಎಂದು ದಿನವೂ ಕಿತ್ತಾಡುತ್ತಿದ್ದರು. ಆ ಗದ್ದಲ ಕೇಳಿದಾಗ ಇವರಿಬ್ಬರೂ ಒಬ್ಬರನ್ನೊಬ್ಬರು ನೋಡಿ ಕಣ್ಣಲ್ಲೇ ನಗುತ್ತಿದ್ದರು. ಸದ್ಯ ನಾವು ಹಾಗಿಲ್ಲ ಎನ್ನುವ ನಗು ಅದು.

"ಮೇಡಂ, ನೀವು ನನ್ನ ‘ನೀವು’ ಅನ್ಬೇಡಿ. ‘ನೀನು’ ಅನ್ನಿ. ಹತ್ತಿರದವರು ಅನ್ಸುತ್ತೆ."

"ನೀನು," ಎಂದಳು ಅವಳು, ಬಾಯಲ್ಲಿ ಇಟ್ಟು ರುಚಿ ನೋಡುವ ಹಾಗೆ. ಆ ರಾತ್ರಿ ದಿಂಬಿಗೂ ಅದನ್ನೇ ಹೇಳಿದಳು.

ಅದೇ ವಾರ ಅವಳ ಅಮ್ಮ ಒಂದು ಸಂಬಂಧದ ಮಾತು ತೆಗೆದಳು. ಔಷಧಿ ಅಂಗಡಿ ಇಟ್ಟಿದ್ದ ಮನುಷ್ಯ, ಮೆತ್ತನೆಯ ಮಾತು, ಇವಳ ಅಮ್ಮನನ್ನೂ ಜೊತೆಗೇ ಇಟ್ಟುಕೊಳ್ಳುತ್ತೇನೆ ಎಂದಿದ್ದ. ಇವಳಿಗೆ ಮೂವತ್ತಾರು ಮುಗಿದಿತ್ತು. ಇಂಥ ಮಾತುಗಳು ಬರುವುದೇ ಕಮ್ಮಿಯಾಗಿತ್ತು.

"ಬೇಡ ಅಂತ ಹೇಳಿಬಿಡು ಅಮ್ಮ."

"ಯಾಕೇ? ಇನ್ನೂ ಯಾರಾದ್ರೂ ಬರ್ತಾರೆ ಅಂತ ಕಾಯ್ತಿದೀಯಾ?"

"ಬಂದಾಯ್ತು," ಎಂದಳು. ಅಮ್ಮ ಬಾಯಿಗೆ ಸೆರಗು ಇಟ್ಟುಕೊಂಡು ಅತ್ತಳು, ಖುಷಿಯಿಂದ. ಪಾಪ, ಔಷಧಿ ಅಂಗಡಿಯವನಿಗೆ ಇಲ್ಲವೆಂದು ಹೇಳಿ ಕಳಿಸಿದರು. ಅವನಿಗೆ ಬೇರೆ ಕಡೆ ಮದುವೆಯೂ ಆಗಿಹೋಯಿತು.

ಈಗ ನೋಡಿ, ಪ್ರತಿ ಬ್ಯಾಚಿನ ಮಕ್ಕಳೂ ಮಾಡುವ ಒಂದು ತಪ್ಪಿದೆ. ಎರಡು ಸಮೀಕರಣ ಕೊಟ್ಟರೆ, ಬಿಡಿಸುವ ಮೊದಲು ಅನುಪಾತ ನೋಡಿ ಎಂದು ಅವಳು ಹೇಳಿಕೊಡುತ್ತಿದ್ದಳು. x ಜೊತೆಗಿರುವ ಸಂಖ್ಯೆಗಳ ಅನುಪಾತ, y ಜೊತೆಗಿರುವುದರ ಅನುಪಾತ, ಕೊನೆಗೆ ಬಲಗಡೆ ಒಂಟಿಯಾಗಿ ಕೂತಿರುವ ಸಂಖ್ಯೆಗಳ ಅನುಪಾತ. ಮೊದಲ ಎರಡು ಬೇರೆ ಬೇರೆ ಇದ್ದರೆ ಗೆರೆಗಳು ಎಲ್ಲೋ ಒಂದು ಕಡೆ ಕೂಡಿಯೇ ಕೂಡುತ್ತವೆ. ಮೂರೂ ಒಂದೇ ಆದರೆ ಎರಡೂ ಒಂದೇ ಗೆರೆ. ಮೊದಲ ಎರಡು ಒಂದೇ ಇದ್ದು ಮೂರನೆಯದು ಮಾತ್ರ ಬೇರೆಯಾದರೆ ಪರಿಹಾರವೇ ಇಲ್ಲ. 2x ಕೂಡಿಸು 3y ಏಳು, 4x ಕೂಡಿಸು 6y ಇಪ್ಪತ್ತು. ಮೊದಲನೆಯದನ್ನು ಎರಡರಿಂದ ಗುಣಿಸಿ ಕಳೆದರೆ x ಹೋಗುತ್ತದೆ, y ಕೂಡ ಹೋಗುತ್ತದೆ, ಸೊನ್ನೆ ಅಂದರೆ ಆರು ಎಂಬ ಹಸಿಸುಳ್ಳೊಂದು ಉಳಿಯುತ್ತದೆ. ಮಕ್ಕಳು ಮೊದಲೆರಡು ಹೊಂದಿದ್ದು ಕಂಡ ಕೂಡಲೇ ಹಿಗ್ಗಿ ‘ಒಂದೇ ಗೆರೆ’ ಎಂದು ಬರೆದುಬಿಡುತ್ತಾರೆ.

"ಮೂರನೇದನ್ನ ನಿಮ್ಮಜ್ಜ ಬಂದು ನೋಡ್ತಾರಾ?" ಎಂದು ಅವಳು ಬೆಂಚು ಕುಟ್ಟುತ್ತಿದ್ದಳು.

ತನ್ನ ವಿಷಯದಲ್ಲಿ ಅವಳೂ ನೋಡಲಿಲ್ಲ. ಈ ಚಹಾ, ಈ ನಗು, ಈ ಮಧ್ಯಾಹ್ನ ಎಲ್ಲ ಕೂಡಿಸಿದರೆ ನಿನ್ನ ಕಡೆ ಏನು ಬರುತ್ತದೆ ಎಂದು ಅವನನ್ನು ಒಂದು ಮಾತು ಕೇಳಲಿಲ್ಲ. ಹೊಂದಿಕೆ ಕಂಡಿತ್ತು, ಸಾಕಾಗಿತ್ತು.

ಅವನೇ ಒಂದು ದಿನ ಹೇಳಿದ. ಬೆಂಚಿನ ಮೇಲೆ ಕೂತು, ಸೀಮೆಸುಣ್ಣವನ್ನು ಬೆರಳಲ್ಲಿ ಉರುಳಿಸುತ್ತಾ, ಕಿವಿಯ ತುದಿವರೆಗೂ ಕೆಂಪಾಗಿ.

"ನಿಮಗೆ ಒಂದು ವಿಷಯ ಹೇಳ್ಬೇಕು. ಬೇರೆ ಯಾರಿಗೂ ಹೇಳಿಲ್ಲ."

ಅವಳು ಡಸ್ಟರನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಳು.

"ಹೇಳು."

"ಒಬ್ಬ ಹುಡುಗಿ ಇದಾಳೆ. ಕನ್ನಡಕದ ಅಂಗಡೀಲಿ ಕೆಲಸ. ನನ್ನ ಕನ್ನಡಕದ ಕಡ್ಡಿ ಮುರಿದಿತ್ತಲ್ಲ, ಆಗ ಸಿಕ್ಕಿದ್ದು." ಅವನು ತಲೆ ಎತ್ತಿ ನೋಡಿದ. "ನಮ್ಮಿಬ್ಬರಿಗೂ ಯಾವುದರಲ್ಲೂ ಹೊಂದಿಕೆ ಇಲ್ಲ. ನಾನು ಬೇಗ ಬಂದ್ರೆ ಅವಳು ತಡ. ನಾನು ಸುಮ್ಮನಿದ್ರೆ ಅವಳು ವಟವಟ. ಆದ್ರೂ ಯಾಕೋ... ನೀವೊಂದ್ಸಲ ಅವಳನ್ನ ನೋಡ್ಬೇಕು. ನನ್ನ ಪ್ರಶ್ನೆಗಳಲ್ಲಿ ತಪ್ಪು ಹಿಡಿಯೋರು ನೀವೇ ತಾನೇ? ನನಗೆ ಅಕ್ಕ ಇಲ್ಲ. ನಿಮ್ಮನ್ನೇ ಅಕ್ಕ ಅಂತ ಪರಿಚಯ ಮಾಡಿಸ್ಲಾ?"

ಅಕ್ಕ! ಎಡಗಡೆ ಎಲ್ಲಾ ಒಂದೇ ಇತ್ತು. ಅದೇ ಬೆಂಚು, ಅದೇ ಚಹಾ, ಅದೇ ಪಿನ್ನಿನ ತಮಾಷೆ. ಅವಳ ಬಲಗಡೆ ಮದುವೆ ಬಂದಿತ್ತು, ಅವನ ಬಲಗಡೆ ಅಕ್ಕ ಬಂದಿತ್ತು.

"ಮಾಡಿಸು," ಎಂದಳು. ಡಸ್ಟರಿನ ಧೂಳೆಲ್ಲ ಅವಳ ಸೀರೆಯ ಮೇಲಾಗಿತ್ತು.

ಮೂವರೂ ಸೇರಿದ್ದು ಒಂದು ಸಣ್ಣ ಕಾಫಿ ಅಂಗಡಿಯಲ್ಲಿ. ಹುಡುಗಿ ಹೇಳಿದ ಹೊತ್ತಿಗೆ ಬರಲಿಲ್ಲ. ಬಂದವಳು ಓಡುತ್ತಾ ಬಂದಳು, ಕುರ್ಚಿಗೆ ಕಾಲು ತಾಗಿಸಿಕೊಂಡು ಅಯ್ಯೋ ಎಂದಳು, ಕೂತವಳೇ ಅವನ ಲೋಟಕ್ಕೆ ಮೂರು ಚಮಚ ಸಕ್ಕರೆ ಸುರಿದಳು.

"ನನಗೆ ಸಕ್ಕರೆ ಬೇಡ ಅಂತ ಎಷ್ಟು ಸಲ ಹೇಳ್ಲಿ?"

"ಕುಡಿದು ನೋಡ್ರೀ ಒಂದ್ಸಲ. ಸಿಹಿ ಅಂದ್ರೆ ಹಾಗೆ ಹೆದರ್ಕೋಬಾರ್ದು."

ಅವನು ಮುಖ ಸಿಂಡರಿಸಿ ಕುಡಿದ. ಕುಡಿದು ಅವಳನ್ನು ನೋಡಿದ. ಮೇಡಂ ಕಂಡದ್ದು ಆ ನೋಟ. ಅವನ ನಗು ಕಣ್ಣಿನ ಮೂಲೆಯಲ್ಲಿ ಶುರುವಾಗಲಿಲ್ಲ, ತುಟಿಗೂ ಇಳಿಯಲಿಲ್ಲ. ಅವನು ನಗುವುದನ್ನೇ ಮರೆತು ನೋಡುತ್ತಿದ್ದ, ಬಾಯಿ ಅರ್ಧ ತೆರೆದು, ಪೆದ್ದನ ಹಾಗೆ. ಇಷ್ಟು ದಿನ ಪಿನ್ನು ಎಣಿಸಿದವನು ತನ್ನನ್ನು ಒಂದು ಸಲವೂ ಹಾಗೆ ನೋಡಿರಲಿಲ್ಲ.

ಅಮ್ಮನ ಫೋನ್ ಬಂತೆಂದು ಅವನು ಹೊರಗೆ ಹೋದ. ಹುಡುಗಿ ಕುರ್ಚಿಯನ್ನು ಹತ್ತಿರಕ್ಕೆ ಎಳೆದುಕೊಂಡಳು. ಅವಳ ವಟವಟ ನಿಂತಿತ್ತು.

"ಅಕ್ಕಾ, ನೀವು ನಿಜ ಹೇಳ್ತೀರ ಅಂತ ಕೇಳ್ತಿದೀನಿ. ನಿಮ್ಮ ಮಾತು ಅಂದ್ರೆ ಇವರಿಗೆ ವೇದವಾಕ್ಯ. ನಾನು ಹೌದು ಅಂದ್ರೆ ಇವರು ಅಲ್ಲ ಅಂತಾರೆ. ನನಗಂತೂ ಇವರು ಬೇಕು. ಆದ್ರೆ ಹೆದರಿಕೆ ಆಗುತ್ತೆ. ಹೀಗಿರೋರು ಒಟ್ಟಿಗೆ ಬಾಳೋಕಾಗುತ್ತಾ?"

ಅವಕಾಶ ಮೇಡಂ ಕೈಗೇ ಬಂದು ಬಿದ್ದಿತ್ತು. ಸರಿಯಾದ ಉತ್ತರ ಅವಳಿಗೆ ನಿದ್ದೆಯಲ್ಲಿ ಎಬ್ಬಿಸಿ ಕೇಳಿದರೂ ಗೊತ್ತು. ಹೊಂದದ ಗೆರೆಗಳೇ ಕೂಡುವುದು, ನೀವು ಕೂಡೇ ಕೂಡುತ್ತೀರಿ, ಹೋಗು ಮಗಳೇ ಎನ್ನಬೇಕಿತ್ತು.

ಅವಳು ಲೋಟದ ಕೆಳಗಿನ ನೀರಿಗೆ ಬೆರಳು ಅದ್ದಿ, ಮೇಜಿನ ಮೇಲೆ ಎರಡು ಚಿಕ್ಕ ಗೆರೆ ಎಳೆದಳು. ಒಂದು ಈ ಕಡೆ ವಾಲಿದ್ದು, ಒಂದು ಆ ಕಡೆ ವಾಲಿದ್ದು.

"ಶಾಲೇಲಿ ಕಲ್ತಿರ್ತೀಯಲ್ಲ?"

"ಅಯ್ಯೋ, ಲೆಕ್ಕದಲ್ಲಿ ಡುಮ್ಕಿ ಹೊಡೆದೋಳು ನಾನು."

"ಹಾಗಾದ್ರೆ ನಾನೇ ಹೇಳ್ತೀನಿ ಕೇಳು. ಎರಡು ಗೆರೆ ಒಂದೇ ಥರ ವಾಲಿದ್ರೆ ಮಾತ್ರ ಕೂಡೋದು. ಹೀಗೆ ಬೇರೆ ಬೇರೆ ವಾಲಿದ್ರೆ ಎಷ್ಟು ಉದ್ದ ಎಳೆದ್ರೂ ಕೂಡಲ್ಲ. ನಾನು ಹೇಳ್ತಿರೋದಲ್ಲಮ್ಮ ಇದು. ಲೆಕ್ಕ ಹೇಳ್ತಿರೋದು."

ಹುಡುಗಿ ಆ ಒದ್ದೆ ಗೆರೆಗಳನ್ನೇ ನೋಡಿದಳು. ಬೆರಳಿಟ್ಟು ಸ್ವಲ್ಪ ಮುಂದೆ ಎಳೆದಿದ್ದರೂ ಅವು ಕೂಡುತ್ತಿದ್ದವು. ಎಳೆಯಲಿಲ್ಲ. ಶಾಲೆಯಲ್ಲಿ ಹೆದರಿಸಿದ್ದ ಲೆಕ್ಕದ ಮೇಷ್ಟ್ರ ದನಿಯೂ ಇಂಥದ್ದೇ, ಅದನ್ನು ಎದುರಿಸಿ ಕೇಳುವ ಅಭ್ಯಾಸ ಅವಳಿಗಿರಲಿಲ್ಲ. ನೀರು ಆರಿತು. "ಥ್ಯಾಂಕ್ಸ್ ಅಕ್ಕ," ಎಂದಳು.

ಮೇಡಂಗೆ ಪಾಪ ಎನ್ನಿಸಲಿಲ್ಲವೇ? ಎನ್ನಿಸಿತು. ಆದರೆ ಸಂತೋಷ ಅದಕ್ಕಿಂತ ಮೊದಲು ಬಂದು ಜಾಗ ಹಿಡಿದು ಕೂತಿತ್ತು.

ಕೆಲವು ದಿನ ಕಳೆದು ಅವನು ಮಧ್ಯಾಹ್ನ ಬಂದು ಬೆಂಚಿನ ಮೇಲೆ ಕುಸಿದು ಕೂತ. ಗಡ್ಡ ಬಿಟ್ಟಿದ್ದ. ಕನ್ನಡಕ ಒರೆಸಿರಲಿಲ್ಲ.

"ಮುಗೀತು ಅಕ್ಕ. ಬಿಟ್ಟುಬಿಟ್ವಿ."

"ಏನಾಯ್ತೋ?"

"ನಮಗೆ ಹೊಂದಲ್ಲ, ಬೇಡ ಅಂದ್ಲು. ಯಾಕೆ ಅಂತ ಕೇಳಿದೆ. ನಿಮ್ಮ ಹೆಸರು ಹೇಳಿದ್ಲು!" ಅವನ ದನಿ ಏರಿತು. "ಬೇರೆ ಬೇರೆ ವಾಲಿದ ಗೆರೆ ಕೂಡಲ್ಲ ಅಂತ ನೀವು ಹೇಳಿದ್ರಂತೆ. ನೀವು! ಆರನೇ ಕ್ಲಾಸಿನ ಮಗು ಕೂಡ ಹಾಗೆ ಹೇಳಲ್ಲ. ಸುಳ್ಳು ಹೇಳೋದಾದ್ರೆ ಇನ್ನೊಬ್ಬರ ತಲೆ ಮೇಲೆ ಹಾಕು, ಅಕ್ಕನ ಲೆಕ್ಕ ಮಾತ್ರ ತಪ್ಪಲ್ಲ ಅಂದೆ. ಅವಳು ಆಣೆ ಇಟ್ಲು, ಅತ್ಲು. ನನಗೆ ಸಿಟ್ಟು ತಡೀಲಿಲ್ಲ. ಸುಳ್ಳುಬುರುಕಿ ಅಂದುಬಿಟ್ಟೆ. ಎಲ್ಲರೆದುರಿಗೆ, ಅವಳ ಅಂಗಡೀಲೇ."

ಕೆಳಗೆ ಯಾರೋ ಟ್ಯೂಬಿಗೆ ಗಾಳಿ ಹೊಡೆಯುತ್ತಿದ್ದರು.

"ನೀವು ಹಾಗೆ ಹೇಳಿರಲ್ಲ ಅಲ್ವಾ?" ಎಂದು ಅವನು ಕೇಳಲೇ ಇಲ್ಲ. ಕೇಳಿದ್ದರೆ ಒಂದು ವೇಳೆ ನಿಜ ಹೇಳುತ್ತಿದ್ದಳೋ ಏನೋ. ಅವನಿಗೆ ಅನುಮಾನವೇ ಬರಲಿಲ್ಲ. ಚಹಾ ತರಿಸಿದಳು. ಸಕ್ಕರೆ ಇಲ್ಲದ್ದು.

ಆಮೇಲಿನ ದಿನಗಳು ಅವಳ ಬದುಕಿನ ಅತ್ಯಂತ ಚೆಂದದ ದಿನಗಳು. ಅವನು ಮೊದಲಿಗಿಂತ ಬೇಗ ಬರುತ್ತಿದ್ದ, ತಡವಾಗಿ ಹೋಗುತ್ತಿದ್ದ. ಮಾತು ಕಮ್ಮಿಯಾಗಿತ್ತು, ಆದರೆ ನೋಡುತ್ತಿದ್ದ. ಹೇಗೆ ನೋಡುತ್ತಿದ್ದ! ಅವಳು ಬೋರ್ಡಿನಿಂದ ತಿರುಗಿದಾಗ ಅವನ ಕಣ್ಣು ಅವಳ ಮುಖದ ಮೇಲೇ ಇರುತ್ತಿತ್ತು. ಹಣೆಯಿಂದ ಕಣ್ಣಿಗೆ, ಕಣ್ಣಿನಿಂದ ಗಲ್ಲಕ್ಕೆ, ಮತ್ತೆ ಕಣ್ಣಿಗೆ. ನಿಧಾನವಾಗಿ, ಏನನ್ನೋ ಹುಡುಕುವ ಹಾಗೆ. ಅವಳು ಹುಬ್ಬು ಹಾರಿಸಿ ಏನು ಎನ್ನುತ್ತಿದ್ದಳು. ಅವನು ತಲೆ ಅಲ್ಲಾಡಿಸಿ ನಕ್ಕು ಬೇರೆ ಕಡೆ ನೋಡುತ್ತಿದ್ದ. ಒಂದು ದಿನ ಅವಳ ಕೆನ್ನೆಗೆ ಮೆತ್ತಿದ್ದ ಸುಣ್ಣವನ್ನು ಹೆಬ್ಬೆರಳಿನಿಂದ ಒರೆಸಿದ. ಒರೆಸಿ, ಕೈ ತೆಗೆಯದೆ, ಒಂದು ಗಳಿಗೆ ಕಣ್ಣು ಮುಚ್ಚಿ ನಿಂತ.

"ಕಾಯಿ ಹಣ್ಣಾಗ್ತಿದೆ ಅಮ್ಮ, ಇನ್ನೇನು ಅವನೇ ಮಾತು ತೆಗೀತಾನೆ," ಎಂದಳು ಮನೆಯಲ್ಲಿ. ಅಮ್ಮ ಬೀರುವಿನಿಂದ ಸೀರೆ ತೆಗೆದು ಬಿಸಿಲಿಗೆ ಹಾಕಿದಳು.

ಈ ಸಲ ಮಕ್ಕಳ ಥರ ತಪ್ಪು ಮಾಡಬಾರದು, ಕೇಳಿಯೇಬಿಡಬೇಕು ಎಂದು ಗಟ್ಟಿ ಮಾಡಿಕೊಂಡಳು. ಅಂದು ಬೆಂಚಿನ ಮೇಲೆ ಅವನ ಎದುರಿಗೇ ಕೂತಳು. ಕೈಯಲ್ಲಿ ಡಸ್ಟರೂ ಇರಲಿಲ್ಲ.

"ನೋಡು, ನಾನು ಸುತ್ತಿ ಬಳಸಿ ಮಾತಾಡೋಳಲ್ಲ. ನೀನು ಬಾಗಿಲಲ್ಲಿ ನಿಂತು ನಕ್ಕ ದಿನದಿಂದ ನನಗೆ ನಿನ್ನ ಮೇಲೆ ಪ್ರೀತಿ. ಅಕ್ಕ ಅನ್ನಿಸ್ಕೊಂಡಿದ್ದು ನಿನಗೋಸ್ಕರ, ನನಗೋಸ್ಕರ ಅಲ್ಲ. ನನ್ನನ್ನೇ ಯಾಕೆ ಮದುವೆ ಆಗಬಾರದು ನೀನು?"

ನಕ್ಕುಬಿಟ್ಟಾನು ಎಂದು ಹೆದರಿದ್ದಳು. ಅವನು ನಗಲಿಲ್ಲ. ಬೆಚ್ಚಿಬೀಳಲೂ ಇಲ್ಲ. ಅವಳ ಕೈಯನ್ನು ತನ್ನ ಎರಡೂ ಕೈಯಲ್ಲಿ ತೆಗೆದುಕೊಂಡ. ಬೆಚ್ಚಗಿನ ಕೈ.

"ಗೊತ್ತಾಯ್ತು ಅಕ್ಕ. ಈಚೆಗೆ ಗೊತ್ತಾಯ್ತು. ಅವಳು ಹೋದ ಮೇಲೆ ನನಗೂ ಅದೇ ಯೋಚನೆ ಬಂತು. ಇಷ್ಟು ಹೊಂದೋರು ಇನ್ನೆಲ್ಲಿ ಸಿಗ್ತಾರೆ, ಯಾಕಾಗಬಾರದು ಅಂತ. ಅದಕ್ಕೇ ಪ್ರಯತ್ನ ಮಾಡಿದೆ."

"ಏನು ಪ್ರಯತ್ನ?"

"ನಿಮ್ಮನ್ನ ಪ್ರೀತಿಸೋ ಪ್ರಯತ್ನ." ಅವನ ಕಣ್ಣು ತುಂಬಿತ್ತು. "ದಿನಾ ಇಲ್ಲಿ ಕೂತು ನಿಮ್ಮ ಮುಖಾನೇ ನೋಡ್ತಿದ್ದೆ. ಈಗ ಬರುತ್ತೆ, ನಾಳೆ ಬರುತ್ತೆ ಅಂತ. ಅವತ್ತು ಕೆನ್ನೆ ಮುಟ್ಟಿದಾಗ ಕಣ್ಣು ಮುಚ್ಚಿ ಕೂಡ ನೋಡಿದೆ. ಬರಲಿಲ್ಲ ಅಕ್ಕ. ನಿಮ್ಮಲ್ಲಿ ಏನೂ ಕಮ್ಮಿ ಇಲ್ಲ. ನನಗೇ ಬರಲಿಲ್ಲ. ಕ್ಷಮಿಸಿಬಿಡಿ."

ಅವಳು ಕೈ ಬಿಡಿಸಿಕೊಳ್ಳಲು ನೋಡಿದಳು. ಅವನು ಬಿಡಲಿಲ್ಲ, ಒಳ್ಳೆಯವನಲ್ಲವೇ, ಸಮಾಧಾನ ಮಾಡುತ್ತಿದ್ದ.

"ಅವಳ ವಿಷಯದಲ್ಲಿ ಪ್ರಯತ್ನಾನೇ ಬೇಕಾಗಿರ್ಲಿಲ್ಲ ನೋಡಿ. ಸುಳ್ಳುಬುರುಕಿ ಅಂತ ಗೊತ್ತಿದ್ರೂ ಈ ದರಿದ್ರ ಮನಸ್ಸು ಆ ಅಂಗಡಿ ಮುಂದೇನೇ ಓಡಾಡುತ್ತೆ. ಅವಳು ಒಂದೇ ಒಂದು ಮಾತು ನಿಜ ಹೇಳಿದ್ದಿದ್ರೆ ಕಾಲು ಹಿಡ್ಕೊಂಡು ಕರ್ಕೊಂಡು ಬರ್ತಿದ್ದೆ."

ನಿಜ ಅವಳ ನಾಲಿಗೆಯ ತುದಿಯಲ್ಲಿತ್ತು. ಆ ಹುಡುಗಿ ಸುಳ್ಳು ಹೇಳಲಿಲ್ಲ ಕಣೋ ಎಂದರೆ ಮುಗಿಯಿತು. ಅವನು ಮೆಟ್ಟಿಲು ಇಳಿದು ಓಡುತ್ತಾನೆ, ತಪ್ಪೊಪ್ಪಿಕೊಳ್ಳುತ್ತಾನೆ, ಸಕ್ಕರೆ ಹಾಕಿದ ಕಾಫಿ ಕುಡಿಯುತ್ತಾನೆ. ಈ ಕೋಣೆಗೆ ಮಾತ್ರ ಮತ್ತೆ ಬರುವುದಿಲ್ಲ. ಹೇಳದಿದ್ದರೆ ನಾಳೆಯೂ ಬರುತ್ತಾನೆ, ನಾಡಿದ್ದೂ ಬರುತ್ತಾನೆ, ಇದೇ ಬೆಂಚಿನಲ್ಲಿ ಕೂರುತ್ತಾನೆ. ಒಂದು ಬೆರಳಿನಷ್ಟೂ ಹತ್ತಿರವಾಗದೆ, ಒಂದು ಬೆರಳಿನಷ್ಟೂ ದೂರವಾಗದೆ, ಕೂದಲು ನರೆಯುವವರೆಗೆ.

"ನಾಳೆಯಿಂದ ನಾನು ಬರೋದು ಬೇಡ್ವಾ ಅಕ್ಕ?" ಎಂದ ಅವನು, ಮಗುವಿನ ಹಾಗೆ.

"ಯಾರು ಹೇಳಿದ್ದು ಹಾಗಂತ? ಬಾ."

"ನೀವಿಲ್ಲದಿದ್ರೆ ನಾನು ಏನಾಗ್ತಿದ್ನೋ. ಸುಳ್ಳು ಅನ್ನೋದೇ ಗೊತ್ತಿಲ್ಲದೋರು ಅಂದ್ರೆ ನೀವೊಬ್ರೇ."

ಅವಳು ಎದ್ದು ಸೀರೆ ಕೊಡವಿಕೊಂಡಳು. ಬೋರ್ಡಿನ ಮುಂದೆ ಹೋಗಿ ನಿಂತಳು. ದನಿ ಎಂದಿನ ಹಾಗೇ ಇತ್ತು.

"ಮಕ್ಕಳು ಬರೋ ಹೊತ್ತಾಯ್ತು. ಮುಂದಿನ ಪ್ರಶ್ನೆ ಬರಿ."

ಅವನು ಕಣ್ಣೊರೆಸಿಕೊಂಡು ಬರೆದ. ಅವಳು ಬಿಡಿಸಿದಳು. ಉತ್ತರ ಸರಿಯಾಗಿ ಬಂತು.